ರುಚಿ ಅದೇ, ಊಟ ಅದಲ್ಲ

ಹೋಟೆಲಿನಲ್ಲಿ ತಿಂದು ಮೆಚ್ಚಿದ್ದನ್ನು ಮನೆಯಲ್ಲಿಯೂ ಮಾಡಿ ನೋಡಬೇಕೆಂಬ ಆಸೆ ಒಂದು ಸಲವಾದರೂ ಹುಟ್ಟದ ಸಂಸಾರ ಇರಲಾರದು. ಒಬ್ಬರಿಗೆ ಅದು ಮಸಾಲೆದೋಸೆಯ ಗರಿ, ಇನ್ನೊಬ್ಬರಿಗೆ ಪೂರಿಯೊಡನೆ ಬರುವ ಸಾಗುವಿನ ಹದ, ಮತ್ತೊಬ್ಬರಿಗೆ ಇಡ್ಲಿ ಮುಳುಗಿಸುವ ಸಾಂಬಾರು. ಅಮೆರಿಕದಂಥ ದೇಶಗಳಲ್ಲಿ ದನದ ಮಾಂಸದ ದಪ್ಪ ತುಂಡನ್ನು ಸುಟ್ಟು, ಅದರದೇ ರಸವನ್ನು ಗಟ್ಟಿಮಾಡಿ ಮೇಲೆ ಸುರಿದು ಬಡಿಸುವುದಕ್ಕೆಂದೇ ಬೇರೆ ಹೋಟೆಲುಗಳಿವೆ. ಅಲ್ಲಿ ಉಂಡವರೂ ಮನೆಗೆ ಹೋಗಿ ತಮ್ಮ ತಮ್ಮ ಒಲೆಯ ಮುಂದೆ ಅದೇ ರುಚಿಗಾಗಿ ತಿಣುಕುತ್ತಾರೆ. ಬಾಣಲೆ ಬೇರೆ, ಬವಣೆ ಒಂದೇ.

ನಮ್ಮ ಮನೆಯಲ್ಲಿ ಈ ಬವಣೆಗೆ ಕಾರಣವಾದದ್ದು ಕುರಿಮಾಂಸದ ಚಾಪ್ಸು. ನಮ್ಮದು ಅಜ್ಜಂಪುರ, ಬಹುಕಾಲ ತರೀಕೆರೆ ತಾಲ್ಲೂಕಿಗೆ ಸೇರಿದ್ದು ಈಗ ತಾನೇ ತಾಲ್ಲೂಕು ಕೇಂದ್ರವಾಗಿರುವ ಊರು. ದನದ ಮಾತು ಬಂದರೆ ನಮ್ಮೂರಿನವರಿಗೆ ನೆನಪಾಗುವುದು ಊಟದ ತಟ್ಟೆಯಲ್ಲ, ಅಮೃತಮಹಲ್ ತಳಿ. ಮೈಸೂರಿನ ಚಿಕ್ಕದೇವರಾಜ ಒಡೆಯರು (1672–1704) ‘ಬೆಣ್ಣೆಚಾವಡಿ’ ಎಂಬ ಹೆಸರಿನಲ್ಲಿ ಸಾಕಿಸಿದ, ಹೈದರಾಲಿಯ ಫಿರಂಗಿಗಳನ್ನು ಎಳೆದ, ಟಿಪ್ಪು ಸುಲ್ತಾನನು ‘ಅಮೃತಮಹಲ್’ ಎಂದು ಹೊಸ ಹೆಸರಿಟ್ಟ ಆ ರಾಸುಗಳ ಸರ್ಕಾರಿ ಸಂವರ್ಧನಾ ಕೇಂದ್ರ ಇರುವುದು ಇಲ್ಲಿಯೇ. ಆದುದರಿಂದ ಅಮೆರಿಕದವರ ದನದ ಮಾಂಸದ ಜಾಗದಲ್ಲಿ ಓದುಗರು ಕುರಿಯ ಪಕ್ಕೆಲುಬನ್ನು ಇಟ್ಟುಕೊಳ್ಳಬೇಕು. ಗಟ್ಟಿ ರಸ ಮಾತ್ರ ಹಾಗೆಯೇ ಇರಲಿ.

ನಮ್ಮ ತಂದೆಯವರು ಬೆಂಗಳೂರಿನ ಒಂದು ಕಾರ್ಖಾನೆಯ ಲೆಕ್ಕದ ಶಾಖೆಯಲ್ಲಿ ಮೂವತ್ತೊಂದು ವರ್ಷ ದುಡಿದವರು. ಸಂಸಾರ ಊರಿನಲ್ಲಿ, ಅವರು ಅಲ್ಲಿ ಒಂದು ಬಾಡಿಗೆ ಕೋಣೆಯಲ್ಲಿ. ಭಾನುವಾರ ಮಧ್ಯಾಹ್ನ ಮಾತ್ರ ಮಿಲಿಟರಿ ಹೋಟೆಲಿನ ಊಟ. ಈ ಹೆಸರು ಕೇಳಿ, ಬಂದೂಕು ಹಿಡಿದವರಿಗಷ್ಟೇ ಅಲ್ಲಿ ಪ್ರವೇಶವೆಂದು ಯಾರೂ ತಿಳಿಯಬಾರದು. ಹಳೆಯ ಮೈಸೂರು ಸೀಮೆಯಲ್ಲಿ ಮಾಂಸದೂಟದ ಹೋಟೆಲಿಗೆ ಇರುವ ಹೆಸರೇ ಅದು. ಬೆಂಗಳೂರಿನ ಇಂಥ ಹಳೆಯ ಹೋಟೆಲುಗಳಲ್ಲಿ ಹಲವನ್ನು ಆರಂಭಿಸಿದವರು ಮರಾಠ ಮನೆತನದವರು, ಕಾಟನ್‌ಪೇಟೆಯ ಎಸ್.ಜಿ. ರಾವ್ ಮಿಲಿಟರಿ ಹೋಟೆಲು 1908ರಷ್ಟು ಹಿಂದಿನದು. ಬಾಳೆಲೆ, ರಾಗಿಮುದ್ದೆ, ಕೈಮದ ಉಂಡೆ, ಕಾಲುಸೂಪು, ದೊನ್ನೆಯಲ್ಲಿ ಬಿರಿಯಾನಿ, ಇವೆಲ್ಲಕ್ಕೂ ಮೇಲೆ, ತಂದೆಯವರ ಲೆಕ್ಕದಲ್ಲಿ, ಚಾಪ್ಸು. ಮೂಳೆ ಬಿಟ್ಟು ಬರುವಷ್ಟು ಬೆಂದ ಪಕ್ಕೆಲುಬಿನ ತುಂಡು. ಅದರ ಸುತ್ತ ಹಸಿರೂ ಅಲ್ಲದ ಕಂದೂ ಅಲ್ಲದ ಮಸಾಲೆ. ಮುದ್ದೆಯ ತುತ್ತಿಗೆ ಅಂಟಿ ಬೆರಳಿಗೂ ಅಂಟುವ ರಸ.

ತಿಂಗಳಿಗೊಮ್ಮೆ ಅವರು ಊರಿಗೆ ಬಂದಾಗ ಅಮ್ಮ ಕುರಿಮಾಂಸದ ಸಾರು ಮಾಡುತ್ತಿದ್ದಳು. ತಂದೆಯವರು ತೃಪ್ತಿಯಾಗಿಯೇ ಉಣ್ಣುತ್ತಿದ್ದರು. ಕೈ ತೊಳೆಯುವಾಗ ಮಾತ್ರ ಒಂದು ಮಾತು ಬರುತ್ತಿತ್ತು: “ಚೆನ್ನಾಗಿತ್ತು. ಆದರೆ ಆ ಹೋಟೆಲಿನವನದು...” ವಾಕ್ಯವನ್ನು ಅವರು ಎಂದೂ ಮುಗಿಸಲಿಲ್ಲ. ಅಮ್ಮನೇ ಅದನ್ನು ಪಾತ್ರೆಗಳ ಸದ್ದಿನಿಂದ ಮುಗಿಸುತ್ತಿದ್ದಳು. ನೆರೆಮನೆಯವಳ ಅಡಿಗೆಯನ್ನು ಹೊಗಳಿದ್ದರೆ ಹೋಗಿ ನೋಡಿಕೊಂಡಾದರೂ ಬರಬಹುದಿತ್ತು. ಕಾಣದ ಊರಿನ ಕಾಣದ ಒಲೆಯೊಡನೆ ಯಾರು ತಾನೇ ಜಗಳವಾಡುತ್ತಾರೆ?

ನಿವೃತ್ತರಾಗಿ ಊರು ಸೇರಿದ ಮೇಲೆ ಆ ಮಾತು ಕಡಮೆಯಾಯಿತು. ಹೋದ ವರ್ಷ ಎದೆನೋವು ಬಂದು ಹದಿನೈದು ದಿನ ಆಸ್ಪತ್ರೆಯಲ್ಲಿದ್ದು ಬಂದ ಮೇಲೆ ನಿಂತೇಹೋಯಿತು. ಉಪ್ಪು ಕಡಮೆ, ಕೊಬ್ಬು ಕಡಮೆ, ಮಾಂಸ ಅಪರೂಪ ಎಂದು ಡಾಕ್ಟರು ಬರೆದುಕೊಟ್ಟರು. ಅಂದಿನಿಂದ ನಮ್ಮ ಮನೆಯಲ್ಲಿ ಚಮಚೆಯ ರಾಜ್ಯ. ಎಣ್ಣೆಗೊಂದು ಚಮಚೆ, ಉಪ್ಪಿಗೊಂದು ಚಮಚೆ, ತುಪ್ಪದ ಚಮಚೆಗೆ ಮಾತ್ರ ರಜೆ. ತಂದೆಯವರು ಹಾಕಿದ್ದನ್ನು ಉಂಡರು. ಬಡಿಸಿದ್ದರಲ್ಲಿ ಅರ್ಧ ಬಿಟ್ಟರು. ಬೇಕೆಂದು ಕೇಳಿದರೆ ಇಲ್ಲವೆನ್ನಬಹುದು, ಬೇಡವೆಂದರೆ ಒತ್ತಾಯಪಡಿಸಬಹುದು. ಏನೂ ಅನ್ನದವರನ್ನು ಏನು ಮಾಡುವುದು? ನಾಲ್ಕು ತಿಂಗಳಲ್ಲಿ ಆರು ಕಿಲೋ ಇಳಿದರು. ಕೊನೆಗೆ ಡಾಕ್ಟರೇ, “ಹದಿನೈದು ದಿನಕ್ಕೊಮ್ಮೆ ಅವರಿಗೆ ಇಷ್ಟವಾದದ್ದನ್ನು ಹಿತಮಿತವಾಗಿ ಮಾಡಿಕೊಡಿ. ಉಪ್ಪು ಕೊಬ್ಬಿನ ಮೇಲೆ ಕಣ್ಣಿರಲಿ” ಎಂದರು.

ಇಷ್ಟವಾದದ್ದು ಯಾವುದೆಂದು ಕೇಳಬೇಕಾಗಿರಲಿಲ್ಲ. ಬೆಂಗಳೂರಿನಲ್ಲಿರುವ ನನ್ನ ತಮ್ಮ ಆ ಹೋಟೆಲಿನ ಚಾಪ್ಸನ್ನೇ ಕ್ಯಾರಿಯರಿಗೆ ತುಂಬಿಸಿಕೊಂಡು ರೈಲು ಹತ್ತಿದ. ಬೀರೂರಿನಲ್ಲಿ ಇಳಿದು ಮನೆ ಸೇರುವ ಹೊತ್ತಿಗೆ ಮೇಲಿನ ಕೊಬ್ಬು ಬಿಳಿಯ ಮೇಣದಂತೆ ಹೆಪ್ಪುಗಟ್ಟಿತ್ತು. ತಂದೆಯವರು ಮುಚ್ಚಳ ತೆಗೆದು ನೋಡಿ, “ಪಾಪ, ಅದಕ್ಕೂ ನನ್ನ ಹಾಗೆ ವಯಸ್ಸಾಯಿತು” ಎಂದು ಮುಚ್ಚಿಟ್ಟರು. ಅಲ್ಲದೆ ಹೋಟೆಲಿನವನಿಗೆ ಇವರ ಉಪ್ಪಿನ ಲೆಕ್ಕ ಗೊತ್ತಿರುವುದೆಂತು? ಮನೆಯಲ್ಲಿ ಮಾಡದೆ ಬೇರೆ ದಾರಿಯಿರಲಿಲ್ಲ.

ಹೋಟೆಲಿನ ಅಡಿಗೆಯಲ್ಲಿ ಏನೋ ಗುಟ್ಟಿನ ಪುಡಿ ಇರುತ್ತದೆಂದು ನಂಬುವುದು ಸುಲಭ. ತಮ್ಮ ಅಡಿಗೆಯವನನ್ನು ಮಾತಿಗೆಳೆದು ಬರೆದುಕೊಂಡು ಬಂದ ಪಟ್ಟಿಯಲ್ಲಿ ಕೊತ್ತಂಬರಿ ಸೊಪ್ಪು, ಪುದೀನ, ಹಸಿಮೆಣಸಿನಕಾಯಿ, ಶುಂಠಿ, ಬೆಳ್ಳುಳ್ಳಿ, ಚಕ್ಕೆ, ಲವಂಗ, ಮೆಣಸು, ಗಸಗಸೆ, ಹುರಿಗಡಲೆ, ತೆಂಗಿನಕಾಯಿ ಇದ್ದುವು. ಅಮ್ಮನ ಡಬ್ಬಗಳಲ್ಲಿ ಇಲ್ಲದ ವಸ್ತು ಒಂದೂ ಇರಲಿಲ್ಲ. ಅಮ್ಮ ಪಟ್ಟಿಯನ್ನು ಎರಡು ಸಲ ಓದಿಸಿ, “ಇಷ್ಟೇನಾ?” ಎಂದಳು. ಆ ಒಂದು ಮಾತಿನಲ್ಲಿ ಮೂವತ್ತೊಂದು ವರ್ಷವಿತ್ತು.

ವ್ಯತ್ಯಾಸವಿರುವುದು ಸಾಮಾನಿನಲ್ಲಲ್ಲ, ಮೂರು ಕೆಲಸಗಳಲ್ಲಿ. ಮೊದಲನೆಯದು ಈರುಳ್ಳಿ ಹುರಿಯುವುದು. ನಮ್ಮ ಸುತ್ತಿನ ಹೊಲಗಳಲ್ಲಿ ಬೆಳೆಯುವ ಈರುಳ್ಳಿಯ ತೂಕದಲ್ಲಿ ಹತ್ತಕ್ಕೆ ಸುಮಾರು ಒಂಬತ್ತು ಪಾಲು ನೀರು. ಆ ನೀರು ಆರುವ ತನಕ ಬಾಣಲೆಯಲ್ಲಿರುವುದರ ಬಿಸಿ 100 ಡಿಗ್ರಿ ಸೆಲ್ಸಿಯಸ್ಸನ್ನು ದಾಟುವುದಿಲ್ಲ. ಕಂದುಬಣ್ಣವೂ ಅದರೊಡನೆ ಬರುವ ಪರಿಮಳವೂ ಬೇಗ ಹುಟ್ಟಬೇಕಾದರೆ 140ರ ಸುಮಾರು ಬೇಕು. ಈ ಕಂದಾಗುವ ಕ್ರಿಯೆಯನ್ನು 1912ರಲ್ಲಿ ವಿವರಿಸಿದವನು ಫ್ರಾನ್ಸಿನ ರಸಾಯನಶಾಸ್ತ್ರಜ್ಞ ಲೂಯಿ ಕಮೀಯ್ ಮಯ್ಯಾರ್. ಮಾಂಸಕ್ಕೂ ಇದೇ ನಿಯಮ. ತೊಳೆದ ತುಂಡುಗಳನ್ನು ಬಟ್ಟೆಯಿಂದ ಒತ್ತಿ ಒಣಗಿಸಿ, ನಾಲ್ಕು ನಾಲ್ಕಾಗಿ ಕಾದ ಕಬ್ಬಿಣದ ಬಾಣಲೆಗೆ ಹಾಕಿದರೆ ಕಂದಾಗುತ್ತವೆ. ಒಂದು ಕಿಲೋ ಒಟ್ಟಿಗೆ ಸುರಿದರೆ ತಮ್ಮ ನೀರಿನಲ್ಲಿ ತಾವೇ ಬೇಯುತ್ತವೆ. ಗೃಹಿಣಿಗೆ ಇದು ತಿಳಿಯದ್ದಲ್ಲ. ಆದರೆ ಹಸಿದ ಮಕ್ಕಳು ಬಾಗಿಲಲ್ಲಿ ನಿಂತಿರುವಾಗ ಈರುಳ್ಳಿಗೇ ಅರ್ಧ ಗಂಟೆ ಕೊಡುವವರಾರು?

ಎರಡನೆಯದು ಮೂಳೆ. ಹೋಟೆಲಿನ ದೊಡ್ಡ ಡಬರಿಯಲ್ಲಿ ಕಿಲೋಗಟ್ಟಲೆ ಮೂಳೆ ಗಂಟೆಗಟ್ಟಲೆ ಕುದಿಯುತ್ತದೆ. ಕೀಲುಗಳಲ್ಲಿರುವ ಕೊಲಾಜನ್ ಎಂಬ ಗಟ್ಟಿ ವಸ್ತು ನಿಧಾನವಾದ ಬಿಸಿಗೆ ಕರಗಿ ಜೆಲಟಿನ್ ಆಗುತ್ತದೆ. ಬೆರಳಿಗೆ ಅಂಟುವ ಗುಣ ಅದರದು, ಎಣ್ಣೆಯದಲ್ಲ. ಮನೆಯ ಒಂದು ಕಿಲೋ ಚಾಪ್ಸಿನಲ್ಲಿ ಅಷ್ಟು ಮೂಳೆ ಎಲ್ಲಿಂದ ಬರಬೇಕು? ಆದುದರಿಂದ ಅರ್ಧ ಕಿಲೋ ನಲ್ಲಿಮೂಳೆಯನ್ನೂ ಕೀಲುಗಳನ್ನೂ ಬೇರೆಯಾಗಿ ತಂದು ಮೂರು ಗಂಟೆ ಕುದಿಸಿದೆವು.

ಮೂರನೆಯದು ಹೊತ್ತು. ಕುಕ್ಕರಿನೊಳಗೆ ಸುಮಾರು 120 ಡಿಗ್ರಿ ಬಿಸಿ. ಮಾಂಸವೇನೋ ಅರ್ಧ ಗಂಟೆಯಲ್ಲಿ ಮೆತ್ತಗಾಗುತ್ತದೆ. ಆದರೆ ಮುಚ್ಚಿದ ಪಾತ್ರೆಯಲ್ಲಿ ರಸ ಇಂಗುವುದಿಲ್ಲ. ಅದಕ್ಕೆಂದು ಹಿತ್ತಲ ಒಲೆಗೆ ತೆಂಗಿನ ಚಿಪ್ಪು ಒಟ್ಟಿ, ಮುಚ್ಚಳವನ್ನು ಓರೆಮಾಡಿ ಎರಡು ಗಂಟೆ ಬೇಯಿಸಿದೆವು.

ಇವುಗಳ ನಡುವೆ ಡಾಕ್ಟರ ಮಾತೂ ನಡೆಯಬೇಕಲ್ಲ! ಮೂಳೆಯ ರಸವನ್ನು ಫ್ರಿಜ್ಜಿನಲ್ಲಿಟ್ಟರೆ ಕೊಬ್ಬು ಮೇಲೆ ಹೆಪ್ಪುಗಟ್ಟುತ್ತದೆ, ಹಲ್ಲೆಯಂತೆ ಎತ್ತಿ ಎಸೆಯಬಹುದು. ತಮ್ಮನ ಕ್ಯಾರಿಯರನ್ನು ಕೆಡಿಸಿದ ಗುಣವೇ ಇಲ್ಲಿ ಉಪಕಾರಕ್ಕೆ ಬಂತು. ಹಿಂದಿನ ದಿನವೇ ಮಾಡಿಟ್ಟುಕೊಳ್ಳಲು ಅಮ್ಮ ಒಪ್ಪಲಿಲ್ಲ. ಶನಿವಾರ ನಮ್ಮ ಮನೆಯಲ್ಲಿ ಮಾಂಸ ಬೇಯುವಂತಿಲ್ಲ, ಫ್ರಿಜ್ಜಿನಲ್ಲಿ ಇರುವಂತೆಯೂ ಇಲ್ಲ. ಹಾಗಾಗಿ ಭಾನುವಾರ ಬೆಳಕು ಹರಿಯುವ ಮುನ್ನವೇ ಕೆಲಸ ಶುರುವಾಯಿತು. ಇನ್ನು ಉಪ್ಪು. ವಯಸ್ಕರು ದಿನಕ್ಕೆ 5 ಗ್ರಾಮಿಗಿಂತ ಕಡಮೆ ತಿನ್ನಬೇಕೆಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ; ಇವರಿಗೆ ಅದರಲ್ಲಿಯೂ ಕಡಿತ. ಉಪ್ಪಿನ ಕೊರತೆಯನ್ನು ಕರಿಮೆಣಸಿಗೂ ಇಳಿಸುವ ಮುಂಚೆ ಹಿಂಡಿದ ನಿಂಬೆರಸಕ್ಕೂ ಹೊರಿಸಿದೆವು.

ಮಧ್ಯಾಹ್ನ ಒಂದೂವರೆಗೆ ಬಾಳೆಲೆ ಹಾಕಿ ಮುದ್ದೆಯಿಟ್ಟು, ಎಣಿಸಿ ಮೂರು ತುಂಡು, ಅಳೆದು ಒಂದು ಸೌಟು ರಸ ಬಡಿಸಿದ್ದಾಯಿತು. ನಾನು, ನನ್ನ ಹೆಂಡತಿ, ಮಕ್ಕಳು, ಅಮ್ಮ ಎಲ್ಲರೂ ಪರೀಕ್ಷೆಯ ಫಲಿತಾಂಶಕ್ಕೆ ಬಂದವರಂತೆ ಸುತ್ತ ನಿಂತೆವು. ತಂದೆಯವರು ಒಂದು ತುತ್ತು ಮುರಿದು, ರಸದಲ್ಲಿ ಹೊರಳಿಸಿ ನುಂಗಿದರು. “ರುಚಿ ಅದೇ” ಎಂದರು. ಅಮ್ಮ ಸೆರಗಿನಿಂದ ಮುಖ ಒರಸಿಕೊಂಡಳು. ಎಲೆ ಮಡಿಸುವಾಗ ಅವರು ಮೆಲ್ಲನೆ, “ಊಟ ಅದಲ್ಲ” ಎಂದರು.

ಸಂಜೆ ಜಗಲಿಯ ಮೇಲೆ ಕುಳಿತಿದ್ದಾಗ ಕೇಳಿದೆ: “ಏನು ಕಡಮೆಯಾಗಿತ್ತಪ್ಪ?”

“ಕಡಮೆ ಏನೂ ಇಲ್ಲ ಕಣಯ್ಯ” ಎಂದರು. “ಅಲ್ಲಿ ಒಬ್ಬ ಹುಡುಗ ಬಕೆಟು ಹಿಡಿದು ಓಡಾಡುತ್ತಿದ್ದ. ನಾವು ತಲೆ ಎತ್ತುವುದರೊಳಗೆ ಮುದ್ದೆಯ ಮೇಲೆ ರಸ ಸುರಿದು ಮುಂದೆ ಹೋಗಿರುತ್ತಿದ್ದ. ಎಷ್ಟು ಬೇಕು ಅಂತ ಕೇಳಿದವನೇ ಅಲ್ಲ. ವಾರವೆಲ್ಲ ಕಾರ್ಖಾನೆಯ ಪೈಸೆ ಪೈಸೆ ಲೆಕ್ಕ ಬರೆದವನು ನಾನು. ಸಂಬಳ ಬಂದರೆ ಮನೆಗೆಷ್ಟು, ಬಾಡಿಗೆಗೆಷ್ಟು ಅಂತ ಮತ್ತೆ ಲೆಕ್ಕ. ಲೆಕ್ಕವಿಲ್ಲದೆ ಬಂದು ಬೀಳುತ್ತಿದ್ದದ್ದು ಆ ರಸ ಒಂದೇ. ಈಗ ನೀವೆಲ್ಲ ನನ್ನ ಲೆಕ್ಕ ಇಡುತ್ತಿದ್ದೀರಿ. ಇಡಬೇಕಾದದ್ದೇ, ತಪ್ಪು ಅನ್ನುವುದಿಲ್ಲ.”

ಒಳಗೆ ಅಕ್ಕಿ ಆರಿಸುತ್ತಿದ್ದ ಅಮ್ಮನಿಗೆ ಇದು ಕೇಳಿಸಿತ್ತೆಂದು ನನಗೆ ತಿಳಿದದ್ದು ಹದಿನೈದು ದಿನಗಳ ಮೇಲೆ. ಎರಡನೆಯ ಸಲದ ಅಡಿಗೆಯಲ್ಲಿ ಅವಳು ಒಂದು ಬದಲಾವಣೆ ಮಾಡಿದಳು. ತಂದೆಯವರ ಪಾಲಿನ ರಸವನ್ನು ಮೊದಲೇ ಬೇರೆ ಪಾತ್ರೆಗೆ ತೆಗೆದು, ಉಪ್ಪಿಲ್ಲದ ಮೂಳೆರಸ ಬೆರೆಸಿ ನಾಲ್ಕು ಸೌಟಾಗುವಂತೆ ಹಿಗ್ಗಿಸಿಟ್ಟಳು. ನಾಲ್ಕೂ ಸೇರಿದರೂ ಹಿಂದಿನ ಒಂದು ಸೌಟಿನಷ್ಟೇ ಉಪ್ಪು. ನಮ್ಮನ್ನೆಲ್ಲ, “ನಿಮಗೆ ಬೇರೆ ಕೆಲಸವಿಲ್ಲವೆ?” ಎಂದು ಹೊರಗೆ ಕಳಿಸಿದಳು. ಬಾಗಿಲ ಸಂದಿನಿಂದ ನಾನು ಕಂಡದ್ದಿಷ್ಟು: ತಂದೆಯವರು ಎರಡನೆಯ ತುತ್ತಿಗೆ ಕೈಹಾಕುವುದರೊಳಗೆ ಅಮ್ಮ ಒಂದು ಸೌಟು ಸುರಿದಳು, ಕೇಳಲಿಲ್ಲ. ಮತ್ತೊಂದು ಸುರಿದಳು. ಮೂರನೆಯದು ಬಂದಾಗ ಅವರು ಎಲೆಯ ಮೇಲೆ ಕೈ ಅಡ್ಡ ಹಿಡಿದು, “ಸಾಕು, ಸಾಕು ಮಾರಾಯ್ತಿ!” ಎಂದರು.

ಕಾಯಿಲೆಯ ಮನೆಯಲ್ಲಿ ರೋಗಿಗೆ ಕೊಡದೆ ಉಳಿಯುವ ವಸ್ತುಗಳ ಪಟ್ಟಿ ದೊಡ್ಡದು. ಉಪ್ಪು, ತುಪ್ಪ, ಉಪ್ಪಿನಕಾಯಿ ಎಲ್ಲರಿಗೂ ಗೊತ್ತು. ‘ಸಾಕು’ ಎನ್ನುವ ಹಕ್ಕೂ ಆ ಪಟ್ಟಿಗೆ ಸೇರಿಹೋಗಿರುತ್ತದೆ, ಅದನ್ನು ಯಾರೂ ಬರೆದಿರುವುದಿಲ್ಲ. ಯಾವುದೂ ಸಾಕಾಗುವಷ್ಟು ಬಾರದವನು ಬೇಡವೆನ್ನುವುದು ಹೇಗೆ? ಅಮ್ಮ ಲೆಕ್ಕವನ್ನು ಬಿಡಲಿಲ್ಲ. ಅದನ್ನು ಎಲೆಯ ಮುಂದಿನಿಂದ ಎತ್ತಿ ಒಲೆಯ ಮುಂದೆ ಇಟ್ಟುಕೊಂಡಳು.

ಈಗ ಎರಡು ವಾರಕ್ಕೊಮ್ಮೆ ನಮ್ಮ ಹಿತ್ತಲಲ್ಲಿ ಚಿಪ್ಪಿನ ಹೊಗೆ ಏಳುತ್ತದೆ. ತಂದೆಯವರ ತೂಕ ಎರಡು ಕಿಲೋ ಏರಿದೆ, ಡಾಕ್ಟರಿಗೂ ಸಮಾಧಾನ. ಹೋದ ಸಲ ಕೈ ತೊಳೆಯುತ್ತ ಅವರು ಹಳೆಯ ಧಾಟಿಯಲ್ಲಿ, “ಚೆನ್ನಾಗಿತ್ತು. ಆದರೆ ಆ ಹೋಟೆಲಿನವನದು...” ಎಂದು ನಿಲ್ಲಿಸಿದರು. ಅಮ್ಮ ಪಾತ್ರೆ ಕೆಳಗಿಟ್ಟು ಕಾದಳು. “ಇಷ್ಟು ನೀರಾಗಿರಲಿಲ್ಲ” ಎಂದು ಅವರು ಈ ಸಲ ವಾಕ್ಯವನ್ನು ಮುಗಿಸಿದರು. ಅಮ್ಮ ನಕ್ಕುಬಿಟ್ಟಳು.