ಎರಡು ನಾಗರಹಾವುಗಳ ನಡುವೆ

ನಟ ವಿಷ್ಣುವರ್ಧನ್ ನಿಧನರಾದದ್ದು 2009ರ ಡಿಸೆಂಬರ್ 30ರಂದು. 2016ರಲ್ಲಿ ಕೋಡಿ ರಾಮಕೃಷ್ಣ ನಿರ್ದೇಶಿಸಿದ ‘ನಾಗರಹಾವು’ ಚಿತ್ರದಲ್ಲಿ ಅವರು ಮತ್ತೆ ತೆರೆಯ ಮೇಲೆ ಮೂಡಿದರು. ಹಳೆಯ ಚಿತ್ರಗಳ ಆಧಾರದಿಂದ ಗಣಕಯಂತ್ರ ರೂಪಿಸಿದ ಮುಖ ಅವರದು, ಅದನ್ನು ಹೊತ್ತ ದೇಹ ಮತ್ತೊಬ್ಬರದು. ಅಭಿಮಾನಕ್ಕೆ ಅಷ್ಟು ಸಾಕಾಗಬಹುದು, ವಿಮರ್ಶೆಗೆ ಸಾಲದು. ಪಾತ್ರವನ್ನು ಒಪ್ಪುವ, ಬೇಡವೆನ್ನುವ ಸ್ವಾತಂತ್ರ್ಯವೂ ನಟನೆಯ ಭಾಗವೇ ಅಲ್ಲವೆ? ಗತಿಸಿದವರಿಗೆ ಆ ಸ್ವಾತಂತ್ರ್ಯವಿಲ್ಲ.

ಎರಡು ವರ್ಷಗಳ ತರುವಾಯ, 2018ರಲ್ಲಿ, ಪುಟ್ಟಣ್ಣ ಕಣಗಾಲರ 1972ರ ‘ನಾಗರಹಾವು’ ಡಿಜಿಟಲ್ ರೂಪದಲ್ಲಿ ಮರುಬಿಡುಗಡೆಯಾಯಿತು. ಬಣ್ಣ, ಧ್ವನಿಗಳಿಗೆ ಹೊಸ ಹೊಳಪು ಬಂದಿತ್ತು, ನಿಜ. ಆದರೆ ರಾಮಾಚಾರಿಯ ಸಿಟ್ಟು, ಚಿತ್ರದುರ್ಗದ ಬಂಡೆಗಳ ನಡುವಿನ ಆ ನಡಿಗೆ, ಕ್ಯಾಮೆರಾದ ಮುಂದೆ ಅಂದು ನಿಂತಿದ್ದ ತರುಣನೇ ಕೊಟ್ಟವು. ಸಂಪತ್ ಕುಮಾರ್ ಎಂಬ ಆತನಿಗೆ ವಿಷ್ಣುವರ್ಧನ್ ಎಂದು ಪುಟ್ಟಣ್ಣ ಹೆಸರಿಟ್ಟದ್ದೂ ಆ ಚಿತ್ರಕ್ಕಾಗಿಯೇ.