ಕಾಳಿಯ ಕಲ್ಲು

ಊರಲ್ಲಿ ಯಾರಾದರೂ ತೀರಿಕೊಂಡರೆ ಎರಡು ಮೂರು ದಿನದಲ್ಲಿ ನನ್ನ ಅಂಗಡಿಗೆ ಒಂದು ಫೋಟೊ ಬರುತ್ತದೆ. ತಿಥಿಯೊಳಗೆ ಅದನ್ನು ನೋಡಿ ಚಿತ್ರ ದೊಡ್ಡದಾಗಿ ಬರೆದುಕೊಡಬೇಕು. ಹೆಚ್ಚಾಗಿ ಆಧಾರ್ ಕಾರ್ಡಿನದು, ಇಲ್ಲವೇ ಯಾರದೋ ಮದುವೆಯ ಗುಂಪಿನ ಹಿಂದಿನ ಸಾಲಲ್ಲಿ ಅರ್ಧ ಮರೆಯಾದ ಮುಖ. ಹಳ್ಳಿಯ ಹೆಂಗಸರದಂತೂ ಅದೂ ಸಿಕ್ಕರೆ ಪುಣ್ಯ. "ಅವ್ವನ ಕಿವಿಗೆ ಓಲೆ ಹಾಕಿ ಬರೀರಿ ಸಾರ್. ಇತ್ತು, ಅಡ ಇಟ್ಟಿದ್ವಿ" ಅಂದ ಒಬ್ಬ ಮಗ. ಬರೆದುಕೊಟ್ಟೆ.

ಇಷ್ಟಾದರೂ ಮನೆಯವರಿಗೆ ತೃಪ್ತಿಯಾಗುವುದು ಅಪರೂಪ. "ಹೋಲ್ತದೆ, ಆದ್ರೆ ಅಪ್ಪ ಅನ್ನಿಸಲ್ಲ" ಅನ್ನುತ್ತಾರೆ. ಅವರದು ತಪ್ಪಲ್ಲ.

ನಮ್ಮ ಹಳೆಯ ಶಿಲ್ಪಿಗಳು ಹೋಲಿಕೆಯ ಗೊಡವೆಗೇ ಹೋಗಲಿಲ್ಲ. ಸ್ಕೆಚ್ ಪುಸ್ತಕ ಹಿಡಿದು ವೀರಗಲ್ಲುಗಳ ಮುಂದೆ ಕೂತರೆ ಮುಖಗಳೆಲ್ಲ ಹೆಚ್ಚುಕಡಿಮೆ ಒಂದೇ. ಕೆಳಗೆ ಕಾಳಗ, ನಡುವೆ ವೀರನನ್ನು ಕರೆದೊಯ್ಯುವ ಅಪ್ಸರೆಯರು, ಮೇಲೆ ಲಿಂಗದ ಮುಂದೆ ಕೂತ ವೀರ, ತುದಿಯಲ್ಲಿ ಸೂರ್ಯ ಚಂದ್ರ. ತುರು ಬಿಡಿಸಲು ಹೋಗಿ ಮಡಿದವನಾದರೆ ಪಕ್ಕದಲ್ಲಿ ದನಗಳು. ಅವನ ಮೂಗು ಹೇಗಿತ್ತೋ ಶಿಲ್ಪಿಗೆ ಬೇಡ; ಏನು ಮಾಡುತ್ತ ಸತ್ತ ಅನ್ನುವುದು ಬೇಕು.

ಇವುಗಳಲ್ಲಿ ನನಗೆ ಅಚ್ಚುಮೆಚ್ಚು ಮದ್ದೂರು ಸೀಮೆಯ ಆತಕೂರಿನ ಕಲ್ಲು. ಈಗ ಅದು ಬೆಂಗಳೂರಿನ ಕಸ್ತೂರಬಾ ರಸ್ತೆಯ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ. ಅದರ ಕಥೆ ಇದು: 949ರ ತಕ್ಕೋಲದ ಯುದ್ಧದಲ್ಲಿ ರಾಷ್ಟ್ರಕೂಟ ಮೂರನೆಯ ಕೃಷ್ಣ ಚೋಳರನ್ನು ಸೋಲಿಸಿದ. ಅವನ ಪರವಾಗಿ ಕಾದಿದ ಗಂಗ ಬೂತುಗನ ಬಂಟ ಮಣಲೇರ. ಮೆಚ್ಚಿದ ದೊರೆ ಏನು ಬೇಕು ಕೇಳು ಅಂದಾಗ ಅವನು ಬೇಡಿದ್ದು ಕಾಳಿ ಎಂಬ ಬೇಟೆನಾಯಿಯನ್ನು! ಆ ಕಾಳಿ ಮುಂದೆ ದೊಡ್ಡದೊಂದು ಹಂದಿಯ ಮೇಲೆ ಬಿದ್ದು, ಎರಡೂ ಒಟ್ಟಿಗೆ ಸತ್ತವು. ಮಣಲೇರ ಕಲ್ಲು ನಿಲ್ಲಿಸಿದ, ಅದರ ಪೂಜೆಗೆ ಭೂಮಿ ಬಿಟ್ಟ. ಕಲ್ಲನ್ನು ಪೂಜಿಸದೆ ಗೊರವ, ಅಂದರೆ ಶೈವ ಪೂಜಾರಿ, ಉಂಡರೆ ನಾಯಿಯ ಪಾಪ ಅವನಿಗೆ ತಟ್ಟುತ್ತದೆ ಎಂದೂ ಬರೆಸಿದ. ಸಾವಿರ ವರ್ಷ ದಾಟಿದರೂ ನಾಯಿ ಹಂದಿಯ ಸೆಣಸಾಟ ಕಲ್ಲಲ್ಲಿ ನಡೆಯುತ್ತಲೇ ಇದೆ. ಇಷ್ಟು ಜೀವ ನಾನು ಬರೆದ ಯಾವ ಯಜಮಾನರ ಮುಖದಲ್ಲೂ ಇಲ್ಲ.

ಹಾಗಾಗಿ ಈಗ ಫೋಟೊ ತಂದವರನ್ನು ಕೂರಿಸಿ, ತೀರಿಕೊಂಡವರ ಕೈ ಯಾವಾಗಲೂ ಏನು ಮಾಡುತ್ತಿತ್ತು ಅಂತ ಕೇಳುತ್ತೇನೆ. ತುಂಬ ಜನ ಸುಮ್ಮನಾಗುತ್ತಾರೆ. ಒಬ್ಬಾಕೆ ಮಾತ್ರ ತಡವರಿಸದೆ, "ನಮ್ಮತ್ತೆ ಸಂಜೆ ಹೊತ್ತು ಹೊಸಿಲ ಮೇಲೆ ಕೂತು ಅವರೆಕಾಯಿ ಸುಲೀತಿದ್ರು" ಅಂದರು. ಮೊರ, ಹೊಸಿಲು ಸಮೇತ ಬರೆದೆ. ಮನೆಯವರು ಬದಲಾವಣೆ ಕೇಳಲಿಲ್ಲ.

ನೀವೂ ಬರೆಸುವುದಿದ್ದರೆ ಬನ್ನಿ. ಫೋಟೊ ಮಸುಕಾಗಿದ್ದರೂ ಪರವಾಗಿಲ್ಲ, ಅವರು ದಿನಾ ಮಾಡುತ್ತಿದ್ದ ಒಂದು ಕೆಲಸ ನೆನಪು ಮಾಡಿಕೊಂಡು ಬನ್ನಿ. ಕಿವಿ ಮೂಗು ನಾನು ನೋಡಿಕೊಳ್ಳುತ್ತೇನೆ.