ಕೈಯೂ ಕಿವಿಯೂ

1956ರವರೆಗೆ ಬೀದರ ಜಿಲ್ಲೆಗೆ ಸೇರಿದ್ದ ಜಹೀರಾಬಾದ್, ನಾರಾಯಣಖೇಡ ತಾಲ್ಲೂಕುಗಳಲ್ಲಿ ಕನ್ನಡದ ‘ಕೀಲಿಕೈ’ಯೂ ತೆಲುಗಿನ ‘ತಾಳಂಚೆವಿ’ಯೂ ಒಂದೇ ಬಜಾರಿನಲ್ಲಿ ಕೇಳಿಬರುತ್ತವೆ. ಚೆವಿ ಎಂದರೆ ಕಿವಿ. ಬೀಗ ತೆರೆಯುವ ವಸ್ತುವು ಒಂದು ನುಡಿಗೆ ಕೈಯಾಗಿ, ಇನ್ನೊಂದಕ್ಕೆ ಕಿವಿಯಾಗಿ ತೋರಿದೆ. ಇಂದಿನ ಬಹುತೇಕ ಕಾರುಗಳ ಕೀಲಿಕೈಯಲ್ಲಿ ಇವೆರಡೂ ಇವೆ.

ಬಾಡಿಗೆ ಕಾರಿನ ಚಾಲಕನೊಬ್ಬನು ಮದುವೆಯ ಗದ್ದಲದಲ್ಲಿ ಅದನ್ನು ಕಳೆದುಕೊಂಡನೆನ್ನೋಣ. ಅಲಗನ್ನಷ್ಟೇ ಕೊರೆಸಿ ತಂದ ಹೊಸ ಕೀಲಿಕೈ ಬಾಗಿಲನ್ನು ತೆರೆಯುತ್ತದೆ. ಎಂಜಿನ್ ಮಾತ್ರ ಓಗೊಡುವುದಿಲ್ಲ. ಮೂಲ ಕೀಲಿಕೈಯ ಹಿಡಿಯೊಳಗೆ ಪುಟ್ಟ ಚಿಪ್ ಇರುತ್ತದೆ, ಅದೇ ಕಿವಿ. ಸ್ಟೀರಿಂಗ್ ಬಳಿಯ ತಂತಿಯ ಸುರುಳಿ ಅದಕ್ಕೆ ಶಕ್ತಿಯನ್ನೂ ಪ್ರಶ್ನೆಯನ್ನೂ ಒಟ್ಟಿಗೆ ಕಳುಹಿಸುತ್ತದೆ. ಪರಿಚಿತ ಉತ್ತರ ಬಂದರಷ್ಟೇ ಎಂಜಿನ್ನಿಗೆ ಅಪ್ಪಣೆ. ಹೊಸ ಕೀಲಿಕೈಯನ್ನು ಪ್ರೋಗ್ರಾಮ್ ಮಾಡುವುದೆಂದರೆ ಅದರ ಚಿಪ್ಪಿನ ಗುರುತನ್ನು ಕಾರಿನ ನೆನಪಿನಲ್ಲಿ ಬರೆಸುವುದು.

ಬರೆಸುವುದರಷ್ಟೇ ಮುಖ್ಯವಾದುದು ಅಳಿಸುವುದು. ಕಳೆದುಹೋದ ಕೀಲಿಕೈಯ ಗುರುತು ಉಳಿದಿದ್ದರೆ, ಅದು ಯಾರಿಗೆ ಸಿಕ್ಕಿತೋ ಅವರನ್ನೇ ಕಾರು ಒಡೆಯರೆಂದು ನಂಬುತ್ತದೆ. ಗುರುತನ್ನು ಅಳಿಸಿದ ಮೇಲೂ ಅದರ ಅಲಗು ಬಾಗಿಲನ್ನು ತೆರೆಯಬಲ್ಲದು: ಕಿವಿ ಕಿವುಡಾದರೂ ಕೈಗೆ ಬಲವಿರುತ್ತದೆ. ಆದುದರಿಂದ ಸಾಲ ತೀರದ ಕಾರನ್ನೇ ನಂಬಿ ಬದುಕುವ ಚಾಲಕನು ಹಳೆಯ ಗುರುತು ಅಳಿದುದನ್ನು ಕಣ್ಣಾರೆ ಕಂಡು ಖಚಿತಪಡಿಸಿಕೊಳ್ಳುವುದೂ, ಹಣವನ್ನಾಗಲಿ ದಾಖಲೆಪತ್ರಗಳನ್ನಾಗಲಿ ಕಾರಿನಲ್ಲಿ ಬಿಡದಿರುವುದೂ ಲೇಸು.